ಬಾಗಿಲ ಬಳೆಗೆ ಇಟ್ಟ ಕುಂಕುಮ

ಅಕ್ಟೋಬರ್ 1, ಬುಧವಾರ

ಯಾರಿಗೂ ಹೇಳುವಂತಿಲ್ಲ, ಹೇಳದಿದ್ದರೆ ಹೊಟ್ಟೆ ಉಬ್ಬುತ್ತದೆ. ಅದಕ್ಕೇ ಈ ಪುಸ್ತಕ.

ಇವತ್ತು ಕಾರ್ಖಾನೆಯಲ್ಲಿ ಆಯುಧಪೂಜೆ. ಮಾಧವ ಸಾರ್ ಬೆಳಿಗ್ಗೆಯೇ ಎಲ್ಲರನ್ನೂ ನಿಲ್ಲಿಸಿ ಹೇಳಿದರು: "ಪ್ರೆಸ್ಸಿಗೆ ಮಾಡಿ, ಕಂಪ್ರೆಸರ್‌ಗೆ ಮಾಡಿ, ನನ್ನ ಸ್ಕೂಟರ್‌ಗೂ ಮಾಡಿ. ಕ್ಲೀನ್ ರೂಮ್ ಒಳಗೆ ಮಾತ್ರ ಒಂದು ಹೂವಿನ ಎಸಳೂ ಹೋಗಬಾರ್ದು. ಗಾಜಿನ ಬಾಗಿಲಿಂದ ಆಚೆ ನಿಂತು ಮಂಗಳಾರತಿ ತೋರ್ಸಿ, ಸಾಕು." ಅವರು ಕಾರ್ಖಾನೆಯ ಯಜಮಾನರು, ಹೇಳಿದ ಮೇಲೆ ಮುಗಿಯಿತು. ಮೂವತ್ತು ವರ್ಷದಿಂದ ರಬ್ಬರ್ ಅಚ್ಚೊತ್ತುವ ಪ್ರೆಸ್ ನಡೆಸುವ ಚಿನ್ನಪ್ಪನವರ ಮುಖ ಮಾತ್ರ ಸಣ್ಣದಾಯಿತು. ನನ್ನ ಹತ್ತಿರ ಬಂದು, "ಅಲ್ಲಾ ಕಮಲಮ್ಮ, ಸ್ಪ್ಯಾನರ್‌ಗೂ ಕುಂಕುಮ ಇಡ್ತೀವಿ. ಆಕಾಶಕ್ಕೆ ಹೋಗೋ ಬಳೆಗೆ ಏನೂ ಇಲ್ವಾ?" ಅಂದರು.

ಬಳೆ ಅಂದರೆ ರಬ್ಬರ್ ಬಳೆ. ಮೊರಕ್ಕಿಂತ ಅಗಲ, ಬೆರಳಿಗಿಂತ ದಪ್ಪ, ಮಾಸಲು ಬಿಳಿ ಬಣ್ಣ. ಇಷ್ಟು ವರ್ಷ ಕುಕ್ಕರ್‌ಗೂ ಹಾಲಿನ ಡೈರಿಯ ಪೈಪಿಗೂ ಮಾಡಿಕೊಂಡಿದ್ದವರು ನಾವು. ಈ ಸಲ ಹೊರದೇಶದ ಒಂದು ಕಂಪನಿ ಜೆ.ಪಿ. ನಗರದ ನಮ್ಮ ಗಲ್ಲಿ ಹುಡುಕಿಕೊಂಡು ಬಂತು. ಅವರದು ಜನರಿಲ್ಲದ ಸರಕು ನೌಕೆ. ಭೂಮಿಯ ಸುತ್ತ ಸುತ್ತುವ ಬಾಹ್ಯಾಕಾಶ ನಿಲ್ದಾಣಕ್ಕೆ ಊಟ, ನೀರು, ಬಟ್ಟೆ ಹೊತ್ತು ಹೋಗಿ ಅದರ ಬಾಗಿಲಿಗೆ ಕೂಡಿಕೊಳ್ಳುತ್ತದೆ. ಎರಡು ಬಾಗಿಲ ನಡುವೆ ಗಾಳಿ ಸೋರದಂತೆ ಒತ್ತಿಕೊಂಡಿರುವುದು ನಮ್ಮ ಬಳೆ. ಮೊದಲಿನ ಎರಡು ಕೆಟ್ಟವು. ಮೂರನೇ ನಂಬರಿನದು ನೌಕೆಗೆ, ನಾಲ್ಕನೆಯದು ಮೂರಕ್ಕೆ ಏನಾದರೂ ಆದರೆ ಇರಲಿ ಅಂತ. ಎರಡನ್ನೂ ಭೂತಗನ್ನಡಿಯಲ್ಲಿ ಇಂಚಿಂಚು ನೋಡಿ ಓಕೆ ಸ್ಟಾಂಪ್ ಹೊಡೆದವಳು ನಾನು.

ನಾನು ಹುಟ್ಟು ಪುಕ್ಕಲಿ. ಗ್ಯಾಸ್ ಆಫ್ ಮಾಡಿದ್ದೇನೋ ಇಲ್ಲವೋ ಅಂತ ಮೂರು ಸಲ ವಾಪಸ್ ಬರುವವಳು, ಬನ್ನೇರುಘಟ್ಟ ರಸ್ತೆ ದಾಟಲು ಯಾರಾದರೂ ಮುದುಕರು ಬರುವವರೆಗೆ ಕಾಯುವವಳು. ಚಿನ್ನಪ್ಪನವರ ಮಾತು ತಲೆಯಲ್ಲಿ ಕೂತುಬಿಟ್ಟಿತು. ಕುಂಕುಮ ಇಡದೆ ಕಳಿಸಿ, ಮೇಲೆ ಏನಾದರೂ ಆದರೆ?

ಎಲ್ಲರೂ ಬೂದುಗುಂಬಳಕಾಯಿ ಒಡೆಯುವುದನ್ನು ನೋಡಲು ಗೇಟಿಗೆ ಹೋದಾಗ ನಾನು, ಧೂಳೂ ಸೋಕದಂತೆ ಬಳೆಗಳನ್ನು ಇಟ್ಟಿದ್ದ ಕ್ಲೀನ್ ರೂಮಿಗೆ ಹೋದೆ. ಬಳೆಗಳ ಚೀಲ ಬಿಚ್ಚಿ, ಗ್ಲೌಸ್ ತೆಗೆದು, ಉಂಗುರದ ಬೆರಳಿನಲ್ಲಿ ಮೂರಕ್ಕೆ ಒಂದು ಬೊಟ್ಟು ಇಟ್ಟೆ. ಒಬ್ಬಳು ಮುತ್ತೈದೆಗೆ ಇಟ್ಟು ಪಕ್ಕದಲ್ಲಿ ನಿಂತವಳನ್ನು ಬಿಡುವುದುಂಟೆ? ನಾಲ್ಕಕ್ಕೂ ಇಟ್ಟೆ. ಎರಡನ್ನೂ ಮುಟ್ಟಿ ಕಣ್ಣಿಗೊತ್ತಿಕೊಂಡೆ. ಒಂದೇ ಕ್ಷಣ. ಆಮೇಲೆ ಎದೆ ಹೊಡೆದುಕೊಳ್ಳತೊಡಗಿ ಸ್ಪಿರಿಟ್ ಬಟ್ಟೆಯಿಂದ ಎರಡನ್ನೂ ಒರೆಸಿದೆ, ಕಲೆ ಕಾಣದ ಹಾಗೆ ಒರೆಸಿದೆ. ಚೀಲ ಮತ್ತೆ ಬೆಸೆದು ಹೊರಗೆ ಬಂದಾಗ ಚಿನ್ನಪ್ಪ ಪುರಿ ಹಂಚುತ್ತಿದ್ದರು.

ತಪ್ಪೇನೂ ಆಗಿಲ್ಲ ಬಿಡು. ದೇವರ ಕೆಲಸ.

ಅಕ್ಟೋಬರ್ 4, ಶನಿವಾರ

ಬಳೆಗಳ ಪೆಟ್ಟಿಗೆ ವಿಮಾನಕ್ಕೆ ಹೋಯಿತು. ಲಾರಿ ತಿರುವು ದಾಟುವವರೆಗೆ ಎಲ್ಲರೂ ಬೀದಿಯಲ್ಲಿ ನಿಂತು ನೋಡಿದೆವು. ಮಾಧವ ಸಾರ್ ಕಣ್ಣೊರೆಸಿಕೊಂಡಿದ್ದು ನಾನು ನೋಡಿದೆ, ಅವರು ಧೂಳು ಅಂದರು.

ಅಕ್ಟೋಬರ್ 7, ಮಂಗಳವಾರ

ನನ್ನ ಕೈಕೆಳಗೆ ಕೆಲಸ ಕಲಿಯುತ್ತಿರುವ ಸ್ಪಂದನಾ ಊಟದ ಹೊತ್ತಿನಲ್ಲಿ ಫೋನಿನಲ್ಲಿ ನಿಲ್ದಾಣದ ಚಿತ್ರ ತೋರಿಸಿದಳು. ಒಂದೇ ಸಲಕ್ಕೆ ಕಟ್ಟಿದ್ದಲ್ಲವಂತೆ. ಒಂದೊಂದು ಕೋಣೆಯನ್ನು ಬೇರೆ ಬೇರೆ ರಾಕೆಟ್‌ನಲ್ಲಿ ಕಳಿಸಿ ಮೇಲೆಯೇ ಜೋಡಿಸಿದ್ದಂತೆ. ರಷ್ಯಾದವರ ಕೋಣೆ, ಅಮೆರಿಕದವರದು, ಜಪಾನಿನವರದು. ಕೋಣೆ ಕೋಣೆಯ ನಡುವೆ ಒಂದೊಂದು ಬಾಗಿಲು, ಕೂಡುವ ಕಡೆಯಲ್ಲೆಲ್ಲ ಬಳೆ. ಎಷ್ಟು ಬಳೆ, ಎಷ್ಟು ಊರಿನ ಎಷ್ಟು ಜನ ಸ್ಟಾಂಪ್ ಹೊಡೆದಿದ್ದಾರೋ ಅಂತ ಲೆಕ್ಕ ಹಾಕುತ್ತಿದ್ದೆ.

"ಅಕ್ಕ, ಬಳೆ ಮೇಲೆ ಒಂದು ಕೂದಲು ಬಿದ್ದಿದ್ರೂ ಸೋರತ್ತಂತೆ. ಗೊತ್ತಾ?" ಅಂದಳು.

"ಒರೆಸಿದ್ರೆ?"

"ಕೂದಲಾದ್ರೆ ಹೋಗತ್ತೆ. ಎಣ್ಣೆ ಗಿಣ್ಣೆ, ಬಣ್ಣ ಆದ್ರೆ ಈ ಸಿಲಿಕೋನ್ ರಬ್ಬರ್ ಕುಡಿದುಬಿಡತ್ತೆ. ನಮ್ಮಮ್ಮನ ಮಿಕ್ಸಿ ಜಾರ್ ರಬ್ಬರ್ ನೋಡಿ, ಅರಿಶಿನ ಹಿಡಿದಿದ್ದು ಇವತ್ತಿಗೂ ಹೋಗಿಲ್ಲ."

ಮುದ್ದೆ ಅರ್ಧಕ್ಕೇ ಬಿಟ್ಟು ಎದ್ದೆ. ಅವತ್ತು ನಾನು ಇಟ್ಟಿದ್ದು ನಮ್ಮನೆ ಕುಂಕುಮ, ಅತ್ತೆ ಮಾಡುವುದು. ಅರಿಶಿನ, ಸುಣ್ಣ, ನಿಂಬೆರಸ, ಕೊನೆಗೆ ಒಂದು ಚಮಚ ತುಪ್ಪ.

ಅಕ್ಟೋಬರ್ 9, ಗುರುವಾರ

ಕೆಟ್ಟುಹೋದ ಎರಡನೇ ಬಳೆಯ ತುಂಡು ಕಸದ ಡಬ್ಬದಲ್ಲಿತ್ತು. ಮೊನ್ನೆ ಅದಕ್ಕೆ ಮನೆಯ ಕುಂಕುಮ ಇಟ್ಟು, ಅವತ್ತಿನ ಹಾಗೆಯೇ ಒರೆಸಿ, ಡ್ರಾಯರಿನಲ್ಲಿ ಇಟ್ಟಿದ್ದೆ. ಬರಿಗಣ್ಣಿಗೆ ಏನೂ ಇರಲಿಲ್ಲ. ಇವತ್ತು ಎಲ್ಲರೂ ಟೀಗೆ ಹೋದಾಗ ಭೂತಗನ್ನಡಿಯ ಕೆಳಗಿಟ್ಟೆ.

ಕೆಂಪು ಇದೆ. ಒಳಗೆ ಇಳಿದಿದೆ. ಜೊತೆಗೆ ಎರಡು ಕಣ, ಗಾಜಿನ ಪುಡಿಯ ಹಾಗೆ ಹೊಳೆಯುತ್ತವೆ. ಸುಣ್ಣವೇ ಇರಬೇಕು. ಕಣದ ಸುತ್ತ ರಬ್ಬರ್ ಸ್ವಲ್ಪ ತಗ್ಗಾಗಿದೆ.

ಎಲ್ಲಿ ಇಟ್ಟೆ ಅಂತ ನೆನಪು ಮಾಡಿಕೊಂಡೆ. ಕುಂಕುಮ ಇಡುವುದು ಹಣೆಗೆ. ಬಳೆಗೆ ಹಣೆ ಅಂದರೆ ಮೇಲಿನ ಏಣು. ಎದುರಿನ ಬಾಗಿಲು ಬಂದು ಒತ್ತುವುದು ಸರಿಯಾಗಿ ಅಲ್ಲಿಗೇ. ಪಕ್ಕದಲ್ಲಿ ಇಟ್ಟಿದ್ದರೂ ಆಗುತ್ತಿತ್ತು. ಯಾರಾದರೂ ಕೆನ್ನೆಗೆ ಕುಂಕುಮ ಇಡುತ್ತಾರೆಯೇ?

ತುಂಡನ್ನು ಕಾಗದದಲ್ಲಿ ಸುತ್ತಿ ಮನೆಗೆ ತಂದಿದ್ದೇನೆ. ಎಸೆಯಲು ಭಯ, ಇಟ್ಟುಕೊಳ್ಳಲು ಭಯ.

ಅಕ್ಟೋಬರ್ 13, ಸೋಮವಾರ

ಎದುರು ಬಂದವರೆಲ್ಲ ನನ್ನ ಬೆರಳನ್ನೇ ನೋಡುತ್ತಾರೆ ಅನ್ನಿಸುತ್ತದೆ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ನಾನು ದಿನಕ್ಕೆ ಹತ್ತು ಸಲ ಕೈ ತೊಳೆಯುತ್ತಿದ್ದೇನೆ.

ಅಕ್ಟೋಬರ್ 21, ಮಂಗಳವಾರ

ಬಿಳೇಕಹಳ್ಳಿಯ ನಮ್ಮ ಬೀದಿಯಲ್ಲಿ ಬೆಳಗಿನಿಂದ ಪಟಾಕಿ. ಒಂದೊಂದು ಸದ್ದಿಗೂ ಕೂತಲ್ಲೇ ಬೆಚ್ಚಿ ಬೀಳುತ್ತಿದ್ದೇನೆ. "ಯಾಕೋ ಈ ಸಲ ಜಾಸ್ತಿ ಆಯ್ತು ನಿಂದು" ಅಂತ ಶಿವರಾಜ್ ನಗುತ್ತಾರೆ. ನನ್ನ ಗಂಡ ಬಸ್ ಡಿಪೋದಲ್ಲಿ ಮೆಕ್ಯಾನಿಕ್, ಬ್ರೇಕ್ ವಿಭಾಗ. ಯಾವುದಕ್ಕೂ ಹೆದರುವ ಆಸಾಮಿಯಲ್ಲ.

ಸ್ಪಂದನಾಳನ್ನು ಯಾವುದೋ ನೆಪದಲ್ಲಿ ಕೇಳಿದ್ದೆ. ನೌಕೆ ಕೂಡಿಕೊಂಡ ಮೇಲೆ ಬಾಗಿಲು ತೆಗೆಯುವ ಮೊದಲು ಸೋರುತ್ತಾ ಅಂತ ಅಲ್ಲಿ ಪರೀಕ್ಷೆ ಮಾಡುತ್ತಾರಂತೆ. ಎಷ್ಟು ಸಮಾಧಾನವಾಯಿತು! ಅರ್ಧ ಗಂಟೆ. ಆಮೇಲೆ ತಲೆಗೆ ಬಂತು: ಅವತ್ತು ಹಿಡಿದುಕೊಂಡ ಬಳೆ ಹದಿನೈದು ದಿನ ಬಿಟ್ಟು ಕೈ ಬಿಟ್ಟರೆ? ಬಿಸಿಲಿಗೆ ಕಾದು, ನೆರಳಿಗೆ ತಣ್ಣಗಾಗಿ, ಆ ಕಣ ಒಂದು ಎಳೆಯಷ್ಟು ಬಾಯಿ ತೆರೆದರೆ? ಆಗ ಒಳಗೆ ಯಾರೋ ಅಕ್ಕಿ ಪೊಟ್ಟಣ ಎತ್ತಿಕೊಳ್ಳಲು ಹೋಗಿರುತ್ತಾರೆ. ಅವರಿಗೆ ಓಡಿಹೋಗಲು ಬೀದಿಯೂ ಇಲ್ಲ.

ಅಕ್ಟೋಬರ್ 29, ಬುಧವಾರ

ಹೊರದೇಶದಿಂದ ಮೇಲ್ ಬಂತು. ಎರಡೂ ಬಳೆ ತಲುಪಿವೆ, ನೋಡಿದ್ದಾರೆ, ಒಪ್ಪಿದ್ದಾರೆ. ನವೆಂಬರ್ ಹತ್ತಕ್ಕೆ ನೌಕೆಗೆ ಕೂಡಿಸುತ್ತಾರೆ. ಮಾಧವ ಸಾರ್ ಎಲ್ಲರಿಗೂ ಮೈಸೂರು ಪಾಕ್ ಹಂಚಿಸಿದರು. "ಕಮಲಾ ಅವ್ರು ಸ್ಟಾಂಪ್ ಹೊಡೆದಿದಾರೆ ಅಂದ್ರೆ ಮುಗೀತು, ಇನ್ನೊಬ್ರು ನೋಡೋದೇ ಬೇಡ" ಅಂತ ಎಲ್ಲರ ಮುಂದೆ ಅಂದರು.

ಅದೇ ಆಗಿರುವುದು. ನಾನು ನೋಡಿದ್ದೇನೆ ಅಂತ ಸಾರ್ ನೋಡಲಿಲ್ಲ. ಅಲ್ಲಿನವರು ಬರಿಗಣ್ಣಿಗೆ ಕಂಡಷ್ಟು ನೋಡಿದರು. ನಾನು ಅವರು ಹಿಡಿಯುತ್ತಾರೆ ಅಂತ ಕಾಯುತ್ತಿದ್ದೆ. ಯಾರಾದರೂ ಹಿಡಿದುಬಿಟ್ಟಿದ್ದರೆ ಬೈಸಿಕೊಂಡು, ಅತ್ತು, ಸುಮ್ಮನಾಗುತ್ತಿದ್ದೆ. ಈಗ ಈ ಭೂಮಿಯ ಮೇಲೆ ಗೊತ್ತಿರುವವಳು ನಾನೊಬ್ಬಳೇ. ಇಷ್ಟು ಭಯ ನನಗೆ ಹೆರಿಗೆಯಲ್ಲೂ ಆಗಿರಲಿಲ್ಲ.

ಮೈಸೂರು ಪಾಕ್ ಚಿನ್ನಪ್ಪನವರಿಗೆ ಕೊಟ್ಟೆ.

ನವೆಂಬರ್ 2, ಭಾನುವಾರ

ಅತ್ತೆಗೆ ಕಣ್ಣಿನ ಪೊರೆ. ಭಾನುವಾರದ ಪೇಪರ್ ನಾನೇ ಓದಿ ಹೇಳಬೇಕು. ಇವತ್ತು ಒಂದು ಸುದ್ದಿ ಓದಬಾರದಿತ್ತು, ಓದಿಬಿಟ್ಟೆ. ನಿಲ್ದಾಣದಲ್ಲಿ ಜನ ವಾಸಕ್ಕೆ ಹೋಗಿ ಇವತ್ತಿಗೆ ಇಪ್ಪತ್ತೈದು ವರ್ಷ, ಅಂದಿನಿಂದ ಒಂದು ದಿನವೂ ಅದು ಖಾಲಿ ಬಿದ್ದಿಲ್ಲ.

"ಇಪ್ಪತ್ತೈದು ವರ್ಷ ಯಾರೋ ಒಬ್ರು ಇದ್ದೇ ಇದಾರಾ?" ಅಂದರು ಅತ್ತೆ. "ಊಟ?"

"ಕೆಳಗಿಂದ ಕಳಿಸ್ತಾರೆ. ಅದಕ್ಕೇ ಬೇರೆ ನೌಕೆ ಇರತ್ತೆ. ಬಂದು ಬಾಗಿಲಿಗೆ ಅಂಟ್ಕೊಳತ್ತೆ."

"ಬಾಗಿಲು ಯಾರು ತೆಗೀತಾರೆ?"

"ಒಳಗಿರೋರೇ."

ಅತ್ತೆ ಸ್ವಲ್ಪ ಹೊತ್ತು ಅವರೆಕಾಯಿ ಸುಲಿದರು. "ಆಚೆ ಕಡೆ ಏನಿದೆಯೋ ಅವರಿಗೇನು ಗೊತ್ತು ಪಾಪ. ಕೆಳಗಿನೋರ ಮೇಲೆ ನಂಬಿಕೆ ಇಟ್ಟು ತೆಗೆಯೋದಲ್ವಾ" ಅಂದರು.

ಪೇಪರ್ ಮಡಿಚಿಟ್ಟು ಬಚ್ಚಲಿಗೆ ಹೋಗಿ ಅತ್ತುಬಿಟ್ಟೆ.

ನವೆಂಬರ್ 5, ಬುಧವಾರ

ಹೇಳಿದೆ.

ಹೇಳಿದೆ ಅಂತ ಬರೆದರೆ ಸುಳ್ಳಾಗುತ್ತದೆ. ಅರ್ಧ ಹೇಳಿದೆ.

ಬೆಳಿಗ್ಗೆ ಬಸ್ಸಿಗೂ ಕಾಯದೆ ನಡೆದೇ ಹೋದೆ. ಸೀದಾ ಮಾಧವ ಸಾರ್ ಕೋಣೆಗೆ ಹೋಗಿ, ಕೂರದೆ, ಒಂದೇ ಉಸಿರಿನಲ್ಲಿ ಹೇಳಿದೆ: ಪೂಜೆ ದಿನ ಒಳಗೆ ಹೋಗಿದ್ದೆ, ಬಳೆಗೆ ಕುಂಕುಮ ಇಟ್ಟೆ, ಒರೆಸಿದೆ, ಒರೆಸಿದರೂ ಹೋಗುವುದಿಲ್ಲ. ಕಾಗದ ಬಿಚ್ಚಿ ತುಂಡನ್ನು ಮೇಜಿನ ಮೇಲೆ ಇಟ್ಟೆ.

ಅವರ ಮುಖದಲ್ಲಿ ರಕ್ತವೇ ಇರಲಿಲ್ಲ. ಕನ್ನಡಕ ತೆಗೆದರು, ಹಾಕಿಕೊಂಡರು. "ನೀವಾ? ಕಮಲಾ ಅವ್ರೇ, ನೀವಾ?" ಅಂದರು. ಬೈದಿದ್ದರೆ ಚೆನ್ನಾಗಿತ್ತು. ಮೇಜಿನ ಅಂಚು ಹಿಡಿದುಕೊಂಡು ಕೇಳಿದರು: "ಒಂದಕ್ಕೆ ತಾನೇ? ನಾಲ್ಕು ಸರಿಯಾಗಿದೆ ತಾನೇ? ನಾಲ್ಕು ಇದ್ರೆ ಉಳ್ಕೊಂಡ್ವಿ. ಎರಡೂ ಇಲ್ಲ ಅಂದ್ರೆ ಈ ಆರ್ಡರ್ ಅಷ್ಟೇ ಅಲ್ಲ, ಬಾಗಿಲು ಹಾಕ್ಬೇಕು ನಾವು. ಹೇಳಿ, ಒಂದಕ್ಕೆ ತಾನೇ?"

ಅರವತ್ತು ದಾಟಿದ ಮನುಷ್ಯ, ಮಕ್ಕಳು ಕೇಳುವ ಹಾಗೆ ಕೇಳಿದರು.

"ಹೂಂ ಸಾರ್. ಮೂರಕ್ಕೆ ಮಾತ್ರ" ಅಂದೆ.

ನವೆಂಬರ್ 7, ಶುಕ್ರವಾರ

ಕಂಪನಿಯಿಂದ ಉತ್ತರ ಬಂತು. ಸ್ಪಂದನಾ ಕನ್ನಡದಲ್ಲಿ ಹೇಳಿದಳು. ಮೂರನೆಯದನ್ನು ಪಕ್ಕಕ್ಕಿಟ್ಟಿದ್ದಾರೆ, ನಾಲ್ಕನೆಯದನ್ನು ನೌಕೆಗೆ ಕೂಡಿಸುತ್ತಾರೆ. ತಾನಾಗಿ ಬಂದು ಹೇಳಿದ ಕೆಲಸಗಾರ್ತಿಗೆ ಧನ್ಯವಾದ, ಇಂಥವರಿಂದಲೇ ಮೇಲಿರುವವರು ಬದುಕಿರುವುದು ಅಂತ ಬರೆದಿದ್ದಾರೆ. ದಾಖಲೆಗಾಗಿ ಸೋಮವಾರ ನನ್ನ ಜೊತೆ ವಿಡಿಯೋದಲ್ಲಿ ಮಾತಾಡಬೇಕಂತೆ. ಸ್ಪಂದನಾ ನನ್ನನ್ನು ತಬ್ಬಿಕೊಂಡಳು. ಮಾಧವ ಸಾರ್ ತಾವೇ ಕಾಫಿ ತಂದುಕೊಟ್ಟು ನಕ್ಕರು.

ಮೊದಲು ನಾನು ಹೇಳದೆ ಇದ್ದವಳು. ಈಗ ಹೇಳಿ ನಂಬಿಸಿದವಳು. ನಾಲ್ಕನ್ನು ಇನ್ನು ಯಾರೂ ನೋಡುವುದಿಲ್ಲ.

ನವೆಂಬರ್ 9, ಭಾನುವಾರ

ಬಿಸಿ ತುಪ್ಪ. ಉಗುಳುವ ಹಾಗಿಲ್ಲ, ನುಂಗುವ ಹಾಗಿಲ್ಲ. ಮಧ್ಯಾಹ್ನ ಬಟ್ಟೆ ಒಣಗಿಸುತ್ತಾ ಶಿವರಾಜ್‌ಗೆ ಎಲ್ಲ ಹೇಳಿದೆ. ಕ್ಲಿಪ್ಪು ಕೈಯಲ್ಲಿ ಹಿಡಿದುಕೊಂಡೇ ಕೇಳಿದರು.

"ಸುಮ್ನಿರು ಕಮಲಾ. ಒಂದ್ಸಲ ಹೇಳಿದೀಯ, ಹೊಗಳಿದಾರೆ. ಮತ್ತೆ ಹೋಗಿ ಅದು ಸುಳ್ಳು ಅಂದ್ರೆ ಯಾರು ನಂಬ್ತಾರೆ ನಿನ್ನ? ಇಪ್ಪತ್ತೆರಡು ಜನರ ಕೆಲ್ಸ ಅದು. ಚಿನ್ನಪ್ಪನ ಮಗಳ ಮದ್ವೆ ಬೇರೆ ಇದೆ."

"ರೀ, ಬ್ರೇಕ್ ಹಿಡಿಯಲ್ಲ ಅಂತ ಗೊತ್ತಿದ್ದೂ ನೀವು ಬಸ್ ಆಚೆ ಬಿಡ್ತೀರಾ?"

"ಹಿಡಿಯಲ್ಲ ಅಂತ ಎಲ್ಲಿ ಗೊತ್ತಾಗಿದೆ ನಿಂಗೆ? ಹಿಡೀಬೋದು."

"ಹಿಡೀಬೋದು ಅನ್ನೋ ಬಸ್ ಬಿಡ್ತೀರಾ?"

ಉಳಿದ ಬಟ್ಟೆಗಳನ್ನೆಲ್ಲ ಅವರೇ ಹಾಕಿದರು. ಗಂಡನಿಗೆ ಎದುರು ಮಾತಾಡಿದ್ದು ಈಗ ಬರೆಯುವಾಗ ಗೊತ್ತಾಗುತ್ತಿದೆ. ಊಟ ಸೇರಲಿಲ್ಲ. ನಾಳೆಗೆ ಹಬ್ಬದ ಸೀರೆ ತೆಗೆದಿಟ್ಟಿದ್ದೇನೆ.

ನವೆಂಬರ್ 10, ಸೋಮವಾರ

ಸಂಜೆ ನಾಲ್ಕಕ್ಕೆ ವಿಡಿಯೋ. ಮಾಧವ ಸಾರ್ ಎಡಕ್ಕೆ, ಸ್ಪಂದನಾ ಬಲಕ್ಕೆ, ನಡುವೆ ನಾನು ಹಬ್ಬದ ಸೀರೆ ಉಟ್ಟುಕೊಂಡು. ಪರದೆಯಲ್ಲಿ ಒಬ್ಬ ಹೆಂಗಸು, ನನ್ನ ವಯಸ್ಸಿನವಳೇ, ಕೂದಲು ನರೆತಿತ್ತು. ಅವಳೂ ಬಳೆ ನೋಡಿ ಒಪ್ಪುವವಳಂತೆ, ನೌಕೆಯ ಎಲ್ಲ ಬಾಗಿಲುಗಳೂ ಅವಳ ಜವಾಬ್ದಾರಿಯಂತೆ. ಅವಳು ಕೇಳಿದ್ದನ್ನು ಸ್ಪಂದನಾ ಕನ್ನಡದಲ್ಲಿ ಹೇಳುವುದು, ನಾನು ಹೇಳಿದ್ದನ್ನು ಇಂಗ್ಲಿಷಿನಲ್ಲಿ ಹೇಳುವುದು.

ಮೊದಲ ಪ್ರಶ್ನೆಗಳು ಸುಲಭ. ಯಾವ ದಿನ, ಯಾವ ಬೆರಳು, ಪುಡಿಯಲ್ಲಿ ಏನೇನಿತ್ತು. ತುಪ್ಪ ಅಂದಾಗ ಅವಳು ಎರಡು ಸಲ ಬರೆದುಕೊಂಡಳು. ಕೊನೆಗೆ ನಗುತ್ತಾ ಕೇಳಿದಳು.

"ಅಕ್ಕ, ನಾಲ್ಕನೆಯದನ್ನ ನೀವು ಮುಟ್ಟಿಲ್ಲ ಅಂತ ದಾಖಲೆಗೆ ಒಂದ್ಸಲ ಹೇಳ್ಬೇಕಂತೆ" ಅಂದಳು ಸ್ಪಂದನಾ.

ಎದೆ ಬಡಿತ ಮೈಕಿನಲ್ಲಿ ಕೇಳಿಸುತ್ತದೇನೋ ಅನ್ನಿಸಿತು. ಮಾಧವ ಸಾರ್ ಕಡೆ ನೋಡಲಿಲ್ಲ, ನೋಡಿದ್ದರೆ ಆಗುತ್ತಿರಲಿಲ್ಲ.

"ಮುಟ್ಟಿದೀನಿ ಅಂತ ಹೇಳು. ನಾಲ್ಕಕ್ಕೂ ಇಟ್ಟಿದ್ದೆ. ಮೊದಲು ಹೇಳಿದ್ದು ಸುಳ್ಳು."

ಸ್ಪಂದನಾ ಅದನ್ನು ಹೇಳದೆ ಸಾರ್ ಕಡೆ ನೋಡಿದಳು. ಪಕ್ಕದಲ್ಲಿ ಸಾರ್ "ಕಮಲಾ ಅವ್ರೇ" ಅಂದರು, ಬಹಳ ಮೆಲ್ಲಗೆ. ನಾನೇ ನನ್ನ ಹರಕು ಇಂಗ್ಲಿಷಿನಲ್ಲಿ ಪರದೆ ಕಡೆ ತಿರುಗಿ ಎರಡು ಬೆರಳು ತೋರಿಸಿ ಹೇಳಿದೆ. ಅವಳ ನಗು ಹೋಯಿತು. ಎರಡನೆಯದಕ್ಕೆ ಯಾಕೆ ಇಟ್ಟಿರಿ ಅಂತ ಕೇಳಿದಳು.

"ಒಬ್ರಿಗೆ ಇಟ್ಟು ಇನ್ನೊಬ್ರನ್ನ ಬಿಡಬಾರ್ದು ಮೇಡಂ. ಮೇಲಿರೋರು ಕ್ಷೇಮವಾಗಿರ್ಲಿ ಅಂತ ಇಟ್ಟೆ."

ಸ್ಪಂದನಾ ಅದನ್ನು ಹೇಗೆ ಹೇಳಿದಳೋ ಗೊತ್ತಿಲ್ಲ, ಬಹಳ ಹೊತ್ತು ಹಿಡಿಯಿತು. ಆ ಹೆಂಗಸು ನನ್ನನ್ನೇ ನೋಡುತ್ತಿದ್ದಳು. ಆಮೇಲೆ ಪಕ್ಕದ ಫೋನ್ ಎತ್ತಿಕೊಂಡು ಯಾರಿಗೋ ನಾಲ್ಕೇ ಮಾತು ಹೇಳಿದಳು. ಬಳೆ ಕೂಡಿಸುವ ಕೆಲಸ ನಿಲ್ಲಿಸಿದರಂತೆ. ಇನ್ನು ಒಂದು ಗಂಟೆ ತಡವಾಗಿದ್ದರೆ ಕೂಡಿಸಿ ಆಗಿರುತ್ತಿತ್ತಂತೆ.

ಪರದೆ ಆರಿದ ಮೇಲೆ ಸಾರ್ ನನ್ನ ಕಡೆ ತಿರುಗಿದರು. "ನಾಳೆಯಿಂದ ಬರ್ಬೇಡಿ" ಅಂದರು. ಸಿಟ್ಟಿನಿಂದ ಅಲ್ಲ, ಸುಸ್ತಾಗಿ. ಸ್ಟಾಂಪ್ ಮೇಜಿನ ಮೇಲೆ ಇಟ್ಟೆ. ಬಾಗಿಲವರೆಗೆ ಹೋದವಳು ತಿರುಗಿ ಬಂದು, "ಸಾರ್, ಅವ್ರು ಮತ್ತೆ ಮಾಡಿ ಅಂದ್ರೆ, ಅಚ್ಚಿನ ಎರಡು ಭಾಗ ಕೂಡೋ ಕಡೆ ಸ್ಪಂದನಾಗೆ ನಿಧಾನವಾಗಿ ನೋಡೋಕೆ ಹೇಳಿ. ಅಲ್ಲಿ ಸಣ್ಣ ಬಿರುಕಿನ ಎಳೆ ಬಿಡತ್ತೆ" ಅಂದೆ. ಅವರು ನನ್ನನ್ನು ವಿಚಿತ್ರವಾಗಿ ನೋಡಿದರು.

ನವೆಂಬರ್ 18, ಮಂಗಳವಾರ

ಮನೆಯಲ್ಲೇ. ಚಿನ್ನಪ್ಪ ಫೋನ್ ಮಾಡಿದ್ದರು. ಕಂಪನಿಯವರು ಇನ್ನೊಂದು ಅವಕಾಶ ಕೊಟ್ಟಿದ್ದಾರಂತೆ, ಹದಿನೈದು ದಿನದಲ್ಲಿ ಎರಡು ಹೊಸ ಬಳೆ, ಇದು ತಪ್ಪಿದರೆ ಬೇರೆಯವರಿಗೆ. ಸರಕು ನೌಕೆಯ ದಿನ ಮುಂದೆ ಹೋಗಿದೆ. "ಆ ಮಾತು ನಾನು ಆಡಬಾರ್ದಿತ್ತು ಕಮಲಮ್ಮ" ಅಂತ ಅತ್ತರು. ಇಟ್ಟಿದ್ದು ನನ್ನ ಬೆರಳು ಚಿನ್ನಪ್ಪ, ನಿಮ್ಮ ಬಾಯಲ್ಲ ಅಂದೆ.

ಮೇಲಿರುವವರ ಹತ್ತಿರ ಊಟ ಎಷ್ಟು ದಿನಕ್ಕಿದೆಯೋ. ಸ್ಪಂದನಾಳನ್ನು ಕೇಳಬೇಕು.

ಡಿಸೆಂಬರ್ 3, ಬುಧವಾರ

ತಿಲಕ್ ನಗರದಲ್ಲಿ ಅತ್ತೆಯ ಕಣ್ಣಿನ ಔಷಧ ತೆಗೆದುಕೊಂಡು ರಸ್ತೆ ದಾಟಿ ಈಚೆ ಬರುತ್ತಿದ್ದಂತೆ ಸ್ಪಂದನಾ ಫೋನ್ ಮಾಡಿದಳು. ಪಿಸುಗುಟ್ಟುತ್ತಿದ್ದಳು.

"ಅಕ್ಕ, ಕ್ಲೀನ್ ರೂಮಲ್ಲಿದೀನಿ. ಐದನೇ ಬಳೆ ಸರಿ ಇದೆ. ಆರನೇದ್ರಲ್ಲಿ ಅಚ್ಚು ಕೂಡೋ ಕಡೆ ಒಂದು ಎಳೆ ಕಾಣ್ತಿದೆ. ಒಂದು ಕಡೆಯಿಂದ ನೋಡಿದ್ರೆ ಕಾಣತ್ತೆ, ಇನ್ನೊಂದು ಕಡೆಯಿಂದ ಇಲ್ಲ. ಚಿನ್ನಪ್ಪನವರಿಗೆ ಕಾಣ್ತಾನೇ ಇಲ್ವಂತೆ."

"ಸಾರ್ ಏನಂದ್ರು?"

"ನೀನೇ ತೀರ್ಮಾನ ಮಾಡಮ್ಮ ಅಂದ್ರು. ಹೊರಗಡೆ ನಿಂತಿದಾರೆ. ಪೆಟ್ಟಿಗೆ ತಗೊಂಡು ಹೋಗೋಕೆ ಲಾರಿ ಬಂದು ಒಂದು ಗಂಟೆ ಆಯ್ತು. ಗಾಜಿಂದ ಎಲ್ಲರೂ ನನ್ನೇ ನೋಡ್ತಿದಾರೆ ಅಕ್ಕ. ಏನೂ ಇಲ್ದೇನೂ ಇರ್ಬೋದು." ಅವಳ ಉಸಿರು ಕೇಳಿಸುತ್ತಿತ್ತು. "ನಂಗೆ ತುಂಬ ಭಯ ಆಗ್ತಿದೆ."

ಏನು ಹೇಳಲಿ? ಬಳೆ ನನ್ನ ಕಣ್ಣ ಮುಂದೆ ಇರಲಿಲ್ಲ. ನನಗೂ ಅದೇ ಭಯ ಎದ್ದು ಬಂತು, ಪೂಜೆಯ ದಿನ ಚೀಲ ಬೆಸೆಯುವಾಗ ಎದ್ದಿತ್ತಲ್ಲ, ಅದೇ. ಅವತ್ತು ಅದರ ಬಾಯಿ ಮುಚ್ಚಿಸಿದ್ದೆ.

"ಭಯ ಆಗ್ತಿದ್ರೆ ಸ್ಟಾಂಪ್ ಹೊಡೀಬೇಡ" ಅಂದೆ.

ಆ ಕಡೆ ಬಾಗಿಲು ತೆರೆದ ಶಬ್ದ, ಸ್ಪಂದನಾಳ ದನಿ, ಈಗ ಪಿಸುಮಾತಲ್ಲ: "ಸಾರ್, ಆರು ಆಗಲ್ಲ. ಲಾರಿ ವಾಪಸ್ ಕಳ್ಸಿ."